ಮಾಡಿ ಪಡೆದುದು, ಮಾಡದೆ ಪಡೆದುದು



ಕಳೆದ ಶ್ರಾವಣ ಮಾಸದಲ್ಲಿ ನಮ್ಮಿಂದ ಒಂದು ಪ್ರಮಾದ ಸಂಭವಿಸಿತು. ಅದನ್ನು ಮರೆಮಾಚಿ ಈ ಅಂಕಣದಲ್ಲಿ ಪರರಿಗೆ ಹಿತ ಹೇಳುತ್ತ ಕುಳಿತರೆ ಅದು ಸತ್ಯಶುದ್ಧವಾದ ಕಾರ್ಯವೆನಿಸದು. ಆದುದರಿಂದ ಈ ತಿಂಗಳು ಆ ವಿಷಯವನ್ನೇ ಎತ್ತಿಕೊಂಡಿದ್ದೇವೆ. ಮೊಬೈಲ್ ಫೋನಿನಲ್ಲಿ ಮಕ್ಕಳು ಆಡುವ ವಾಹನ ಚಾಲನೆಯ ಆಟಗಳು, ಅವುಗಳನ್ನು ಮಾರ್ಪಡಿಸಿ ಹಂಚುವ ಪದ್ಧತಿ, ಅದರ ಸೆಳೆತ ಮತ್ತು ಅದರ ಅಪಾಯ, ಇದೇ ಆ ವಿಷಯ. ಧರ್ಮಪತ್ರಿಕೆಯಲ್ಲಿ ಇದೆಂತಹ ಮಾತು ಎಂದು ಕೆಲವು ಹಿರಿಯರು ಹುಬ್ಬು ಗಂಟಿಕ್ಕಬಹುದು. ಮನೆಯಲ್ಲಿ ಬೆಳೆಯುವ ಮಕ್ಕಳಿರುವ ತಾಯಂದಿರು ಮಾತ್ರ ಹಾಗೆನ್ನಲಾರರೆಂಬ ನಂಬಿಕೆ ನಮಗಿದೆ.

ಧಾರವಾಡ ಜಿಲ್ಲೆಯ ಒಂದು ಊರಿನಲ್ಲಿ ತಿಂಗಳ ಪ್ರವಚನವನ್ನು ಒಪ್ಪಿಕೊಂಡಿದ್ದೆವು. ಮಠದ ಪಾಠಶಾಲೆಯಲ್ಲಿ ನಮ್ಮೊಡನೆ ಓದಿದ ಹಳೆಯ ಗೆಳೆಯರ ಮನೆಯಲ್ಲಿ ನಮ್ಮ ಬಿಡಾರ. ಅವರ ಮಗ ಸಾರಿಗೆ ಬಸ್ಸಿನ ಚಾಲಕ. ಮೊಮ್ಮಗ ಎಂಟನೆಯ ಇಯತ್ತೆಯ ವಿದ್ಯಾರ್ಥಿ. ಸಾಯಂಕಾಲದ ಲಿಂಗಪೂಜೆ ಮುಗಿಸಿ ನಾವು ಹೊರಬಂದಾಗಲೆಲ್ಲ ಆ ಬಾಲಕನು ತಾಯಿಯ ಫೋನನ್ನು ಹಿಡಿದು ಕಟ್ಟೆಯ ಮೇಲೆ ಕುಳಿತಿರುತ್ತಿದ್ದನು. ಮೊದಲ ವಾರ ನಾವು ಮುಖ ಸಿಂಡರಿಸಿಕೊಂಡೇ ಅವನನ್ನು ದಾಟಿ ಹೋದೆವು. ಎರಡನೆಯ ವಾರ ಒಂದು ದಿನ ಮಳೆ ಹಿಡಿದು ಪ್ರವಚನ ತಡವಾಯಿತು. ಮಾಡಲು ಬೇರೆ ಕೆಲಸವಿಲ್ಲದೆ ಅವನ ಪಕ್ಕದಲ್ಲಿ ಕುಳಿತೆವು.

ಫೋನಿನ ಪರದೆಯ ಮೇಲೆ ನಮ್ಮ ಭಾಗದ ಕೆಂಪು ಸಾರಿಗೆ ಬಸ್ಸೊಂದು ಓಡುತ್ತಿತ್ತು. ಮುಂದಿನ ಗಾಜಿನ ಮೇಲ್ಗಡೆ ಕನ್ನಡದ ಫಲಕ. ಅದರಲ್ಲಿ ‘ದಾರವಾಡ – ಸವದತ್ತಿ’ ಎಂದು ಬರೆದಿತ್ತು.

“ಅಜ್ಜಾರ, ಇದು ನಮ್ಮಪ್ಪನ ಗಾಡಿರಿ” ಎಂದನು ಬಾಲಕ.

“ಇದನ್ನು ಯಾರು ಮಾಡಿದರು, ತಮ್ಮಾ?”

“ನಾನ ಮಾಡೀನ್ರಿ. ಇದಕ್ಕ ಮಾಡ್ ಅಂತಾರ್ರಿ.”

ನಮಗೆ ಆ ಮಾತಿನಲ್ಲಿ ನಮ್ಮ ಕನ್ನಡದ ‘ಮಾಡು’ ಎಂಬ ಧಾತುವೇ ಕೇಳಿಸಿತು. ವಿಚಾರಿಸಲಾಗಿ, ಮಾರ್ಪಾಡು ಎಂಬ ಅರ್ಥದ ಇಂಗ್ಲಿಷ್ ಶಬ್ದವನ್ನು ಮೊಟಕುಗೊಳಿಸಿ ಮಕ್ಕಳು ಹಾಗೆ ಕರೆಯುತ್ತಾರೆಂದು ತಿಳಿಯಿತು. ಧಾತು ಬೇರೆಯಾದರೂ ಅವನ ಮಟ್ಟಿಗೆ ಅರ್ಥ ಒಂದೇ ಆಗಿತ್ತು. ಅವನು ನಿಜವಾಗಿಯೂ ಮಾಡಿದ್ದನು.

ಆ ಆಟದ ಹೆಸರು ‘ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ’. ಆ ದೇಶದ ಮಲೆಯೊ ಎಂಬ ಸಂಸ್ಥೆ 2017ರಲ್ಲಿ ಹೊರತಂದುದು. ಅಲ್ಲಿಯ ಊರುಗಳ ನಡುವೆ ಬಸ್ಸು ಓಡಿಸಬೇಕು. ನಿಲ್ದಾಣದಲ್ಲಿ ಪ್ರಯಾಣಿಕರನ್ನು ಹತ್ತಿಸಿಕೊಳ್ಳಬೇಕು. ಬಂದ ಹಣದಿಂದ ಹೊಸ ಬಸ್ಸು ಕೊಳ್ಳಬೇಕು. ಇಂಡೋನೇಷ್ಯಾದ ಮಕ್ಕಳು ರಸ್ತೆಯ ಬದಿಯಲ್ಲಿ ನಿಂತು, ದೂರದೂರಿನ ಬಸ್ಸು ಬಂದಾಗ ‘ತೆಲೊಲೆತ್’ ಎಂದು ಕೂಗಿ ಚಾಲಕನಿಂದ ರಾಗದ ಹಾರ್ನು ಹೊಡೆಸುತ್ತಾರಂತೆ. 2016ರ ಡಿಸೆಂಬರಿನಲ್ಲಿ ಆ ಕೂಗು ಲೋಕದ ತುಂಬ ಹಬ್ಬಿತ್ತು. ಆ ಹಾರ್ನು ಈ ಆಟದಲ್ಲಿಯೂ ಉಂಟು. ನಮ್ಮ ಬಾಲ್ಯದಲ್ಲಿ ಊರಿನ ಅಗಸಿಯಲ್ಲಿ ನಿಂತು, ದಿನಕ್ಕೊಮ್ಮೆ ಬರುವ ಬಸ್ಸಿನ ಚಾಲಕನಿಗೆ ಕೈಬೀಸಿ, ಅವನು ಒಮ್ಮೆ ಪೋಂಕಾರ ಮಾಡಿದರೆ ಕುಣಿದಾಡುತ್ತಿದ್ದುದು ನೆನಪಾಗಿ ನಮಗೆ ನಗು ಬಂದಿತು. ಮಕ್ಕಳು ಎಲ್ಲ ದೇಶಗಳಲ್ಲಿಯೂ ಮಕ್ಕಳೇ.

ಈ ಆಟದಲ್ಲಿ ಒಂದು ವಿಶೇಷವಿದೆ. ಬಸ್ಸಿನ ಬಣ್ಣಬರಹಗಳನ್ನು ಆಡುವವನೇ ಚಿತ್ರಿಸಿ ಸೇರಿಸಲು, ಅಷ್ಟೇ ಅಲ್ಲ, ಹೊಸ ವಾಹನದ ಆಕಾರವನ್ನೇ ರಚಿಸಿ ಸೇರಿಸಲು ಆಟವನ್ನು ಮಾಡಿದವರೇ ಬಾಗಿಲು ತೆರೆದಿಟ್ಟಿದ್ದಾರೆ. ಅದರಿಂದಾಗಿ ಕೇರಳದ ಪ್ರವಾಸಿ ಬಸ್ಸುಗಳೂ ನಮ್ಮ ಸಾರಿಗೆ ಬಸ್ಸುಗಳೂ ಜಾವಾ ದ್ವೀಪದ ರಸ್ತೆಗಳಲ್ಲಿ ಓಡತೊಡಗಿವೆ. ಇದಕ್ಕೆ ಬೇಕಾಗುವ ಶ್ರಮ ಅಲ್ಪವಲ್ಲ. ಬಸ್ಸಿನ ಮೈಯನ್ನು ಬಿಚ್ಚಿ ಹರಡಿದಂತೆ ಒಂದು ಚಪ್ಪಟೆ ಚಿತ್ರ ಇರುತ್ತದೆ. ಎಡಬದಿ, ಬಲಬದಿ, ಮುಖ, ಬೆನ್ನು ಎಲ್ಲವೂ ಅದರಲ್ಲಿಯೇ. ಯಾವ ಗೆರೆ ಮಡಚಿದಾಗ ಎಲ್ಲಿ ಬಂದು ಕೂಡುತ್ತದೆ ಎಂಬುದನ್ನು ಮನಸ್ಸಿನಲ್ಲಿಯೇ ಊಹಿಸಿ ಬಣ್ಣ ತುಂಬಬೇಕು. ಆಕಾರವನ್ನೇ ರಚಿಸುವವರು ‘ಬ್ಲೆಂಡರ್’ ಎಂಬ, ಹಣವಿಲ್ಲದೆ ದೊರೆಯುವ ತಂತ್ರಾಂಶವನ್ನು ಕಲಿಯುತ್ತಾರೆ. ಸಿನಿಮಾ ಮಾಡುವವರೂ ಬಳಸುವ ಸಾಧನ ಅದು. ಈ ಬಾಲಕನು ಅಷ್ಟು ದೂರ ಹೋಗಿರಲಿಲ್ಲ. ಸಿದ್ಧವಿದ್ದ ಬಸ್ಸಿಗೆ ಬಣ್ಣವನ್ನೂ ಫಲಕವನ್ನೂ ತಾನೇ ಬರೆದಿದ್ದನು. ಅದಕ್ಕಾಗಿ ತಂದೆಯ ಬಸ್ಸಿನ ಸುತ್ತ ನಾಲ್ಕು ಸಲ ತಿರುಗಿ, ಪಟ್ಟಿಯ ಅಗಲವನ್ನು ಗೇಣಿನಿಂದ ಅಳೆದು ಬಂದಿದ್ದನಂತೆ.

“ತಮ್ಮಾ, ಧಾರವಾಡದ ‘ಧ’ಕಾರಕ್ಕೆ ಹೊಟ್ಟೆ ಸೀಳಬೇಕಪ್ಪ. ಇಲ್ಲದಿದ್ದರೆ ಪೇಡೆಗೆ ರುಚಿ ಬರುವುದಿಲ್ಲ” ಎಂದೆವು. ಅವನು ನಕ್ಕು, ಆ ಕ್ಷಣವೇ ತಿದ್ದಿದನು. ನಲವತ್ತು ವರ್ಷ ಅಕ್ಷರ ಕಲಿಸಿದ ನಮಗೆ, ಹೇಳಿದ ತಿದ್ದುಪಡಿಯನ್ನು ಇಷ್ಟು ಸಂತೋಷದಿಂದ ಸ್ವೀಕರಿಸಿದ ಶಿಷ್ಯ ಸಿಕ್ಕಿದ್ದು ಅಪರೂಪ. ಈ ಆಟಗಳ ಸೆಳೆತ ಏನೆಂಬುದು ನಮಗೆ ಅಂದು ಅರ್ಥವಾಯಿತು. ತನ್ನ ತಂದೆಯ ಕಾಯಕವನ್ನು ಆ ಹುಡುಗ ತನ್ನ ಅಂಗೈಯಲ್ಲಿ ಕಟ್ಟಿಕೊಂಡಿದ್ದನು.

ಇನ್ನು ಅದೇ ಹೆಸರಿನ ಎರಡನೆಯ ವಸ್ತುವಿನ ಮಾತು.

ಕೆಲವು ದಿನಗಳ ನಂತರ ಅದೇ ಬಾಲಕ ಬೇರೊಂದು ಕಾರಿನ ಆಟದ ಪ್ರಸ್ತಾಪ ಎತ್ತಿದನು. ಅದರಲ್ಲಿ ಒಳ್ಳೆಯ ಕಾರು ದೊರೆಯಬೇಕಾದರೆ ಬಹುದಿನ ಆಡಿ ನಾಣ್ಯ ಕೂಡಿಸಬೇಕು, ಇಲ್ಲವೆ ನಿಜವಾದ ಹಣ ಕೊಡಬೇಕು. ಸಹಪಾಠಿಯೊಬ್ಬನ ಬಳಿ ಅದರ ‘ಮಾಡ್’ ಇದೆಯೆಂದೂ, ಅದನ್ನು ಹಾಕಿಕೊಂಡರೆ ಎಲ್ಲ ಕಾರುಗಳೂ ಮೊದಲೇ ತೆರೆದಿರುವುವೆಂದೂ ಹೇಳಿದನು. “ರೊಕ್ಕ ಎಷ್ಟ ಬೇಕಾದ್ರೂ ಬರತೈತ್ರಿ ಅಜ್ಜಾರ, ಮುಗಿಯಂಗಿಲ್ಲ.”

ಇಲ್ಲಿ ಹುಡುಗರ ಪಕ್ಷದಲ್ಲಿಯೂ ಒಂದು ಮಾತು ಹೇಳಬೇಕಾದುದು ನ್ಯಾಯ. ಇಂತಹ ಆಟಗಳಲ್ಲಿ ಅನೇಕವು ಮಗುವಿನ ಸಹನೆಯನ್ನು ಲೆಕ್ಕ ಹಾಕಿಯೇ ರಚಿತವಾದಂಥವು. ಮೊದಲ ದಿನ ನಾಣ್ಯಗಳ ಮಳೆ ಸುರಿಯುತ್ತದೆ. ಬರಬರುತ್ತ ಅದು ತುಂತುರಾಗುತ್ತದೆ. ಎರಡು ಸುತ್ತಿಗೊಮ್ಮೆ ಜಾಹೀರಾತು. ಇಂಧನ ತೀರಿದರೆ ಕಾಯಬೇಕು. ಕಾಯಲಾರೆನೆಂದರೆ ಹಣ ಕೊಡಬೇಕು. ಬೇಸರವನ್ನು ತಾವೇ ಉಂಟುಮಾಡಿ ಅದಕ್ಕೆ ಔಷಧಿಯನ್ನು ತಾವೇ ಮಾರುವ ವ್ಯಾಪಾರವಿದು. ಇದರಿಂದ ಬೇಸತ್ತ ಮಗು ಅಡ್ಡದಾರಿ ಹುಡುಕಿದರೆ ದೋಷವೆಲ್ಲ ಮಗುವಿನದೇ ಎನ್ನಲಾಗದು. ಆದರೆ ಅಡ್ಡದಾರಿಯ ತುದಿಯಲ್ಲಿ ಯಾರು ಕುಳಿತಿದ್ದಾರೆಂಬುದು ಆ ಮಗುವಿಗೆ ತಿಳಿಯದು. ನಮಗೂ ತಿಳಿದಿರಲಿಲ್ಲ.

ಈಗ ತಿಳಿದುಕೊಂಡುದನ್ನು ನಮ್ಮ ಶಾಸ್ತ್ರದ ಭಾಷೆಯಲ್ಲಿಯೇ ಹೇಳುತ್ತೇವೆ. ವಚನಕ್ಕೆ ಅಂಕಿತವಿರುವಂತೆ ಫೋನಿನ ಪ್ರತಿಯೊಂದು ಆ್ಯಪ್‌ಗೂ ಅದನ್ನು ರಚಿಸಿದವರ ಗುಪ್ತ ಮುದ್ರೆಯೊಂದು ಇರುತ್ತದೆ. ಅದನ್ನು ಡಿಜಿಟಲ್ ಸಹಿ ಎನ್ನುತ್ತಾರೆ. ಹಿಂದೆ ತಾಳೆಗರಿ ಪ್ರತಿ ಮಾಡುವಾಗ ಯಾರೋ ತಮ್ಮ ಮಾತನ್ನು ನಡುವೆ ತೂರಿಸಿ, ಕೊನೆಗೆ ಬಸವಣ್ಣನವರ ಅಂಕಿತವನ್ನೇ ಉಳಿಸಿಬಿಟ್ಟರೆ ಪ್ರಕ್ಷಿಪ್ತವನ್ನು ಗುರುತಿಸಲು ವಿದ್ವಾಂಸರು ವರ್ಷಗಟ್ಟಲೆ ಹೆಣಗಬೇಕಾಗುತ್ತಿತ್ತು. ಆ್ಯಪ್‌ನ ಮುದ್ರೆ ಹಾಗಲ್ಲ. ಒಳಗೆ ಒಂದಕ್ಷರ ಬದಲಾದರೂ ಮೂಲದ ಮುದ್ರೆ ಒಡೆಯುತ್ತದೆ. ಆದುದರಿಂದ ಆಟವನ್ನು ಮುರಿದು ಮಾರ್ಪಡಿಸಿದವನು ತನ್ನದೇ ಬೇರೆ ಮುದ್ರೆ ಒತ್ತಲೇಬೇಕು. ಮೂಲ ಆಟದ ಹೊಸ ಆವೃತ್ತಿಯು ಇಂತಹ ಪ್ರತಿಯ ಮೇಲೆ ಕೂಡದಿರುವುದು ಇದೇ ಕಾರಣಕ್ಕೆ. ಆದರೆ ಒಂದು ತೊಡಕು ಉಳಿಯಿತು. ಹೊಸದಾಗಿ ಆ್ಯಪ್ ಹಾಕುವಾಗ ಫೋನು ಮುದ್ರೆ ಸರಿಯಾಗಿದೆಯೇ ಎಂದು ನೋಡುವುದೇ ಹೊರತು, ಅದನ್ನು ಒತ್ತಿದವನು ಸಜ್ಜನನೋ ಕಳ್ಳನೋ ಎಂದು ಆ ಮುದ್ರೆಯಿಂದ ಅರಿಯಲಾರದು. ಹೆಸರು ಅದೇ, ಚಿತ್ರ ಅದೇ, ಕಾರುಗಳೂ ಅವೇ. ಒಳಗೆ ನಾಣ್ಯದ ಲೆಕ್ಕವನ್ನು ಮಾತ್ರ ತಿದ್ದಿದ್ದಾನೋ, ಇನ್ನೇನನ್ನಾದರೂ ಇಟ್ಟಿದ್ದಾನೋ ನೋಡಿದವರಾರು? ಅಂಗಡಿಯ ಬಾಗಿಲಿನಲ್ಲಿ ಮಾಲು ಪುಕ್ಕಟೆ ಹಂಚುವ ಅಪರಿಚಿತನನ್ನು ಕಂಡರೆ ನಮ್ಮ ಅಜ್ಜಿಯರು ಸಂಶಯಪಡುತ್ತಿದ್ದರು. ಆ ಸಂಶಯ ಇಲ್ಲಿಯೂ ಬೇಕು.

ಆ ದಿನ ಬಾಲಕನ ತಾಯಿ ತವರಿಗೆ ಹೋಗಿದ್ದರು. ಅವರ ಫೋನೂ ಅವರೊಡನೆ ಹೋಗಿತ್ತು. “ಅಜ್ಜಾರ, ನಿಮ್ಮ ಫೋನಿನಾಗ ಒಂದs ಸಲ ಹಾಕಿ ನೋಡೋಣ್ರಿ” ಎಂದನು. ಧಕಾರ ತಿದ್ದಿದ ಪ್ರೀತಿ ನಮ್ಮಲ್ಲಿ ಇನ್ನೂ ಆರಿರಲಿಲ್ಲ. ಕೊಟ್ಟೆವು. ಸಹಪಾಠಿ ಕಳುಹಿಸಿದ ಕಡತ ಬಂದಿತು. ಇದು ಅಪರಿಚಿತ ಮೂಲದಿಂದ ಬಂದುದೆಂದು ಫೋನು ಎಚ್ಚರಿಸಿತು. ಕಡತದೊಡನೆ ಬಂದ ಸೂಚನೆಯಲ್ಲಿ, ಮೊದಲು ‘ಪ್ಲೇ ಪ್ರೊಟೆಕ್ಟ್’ ಎಂಬ ಕಾವಲನ್ನು ನಿಲ್ಲಿಸಬೇಕೆಂದು ಬರೆದಿತ್ತು. ಕಾವಲುಗಾರನನ್ನು ಮನೆಗೆ ಕಳುಹಿಸಿದರೆ ಮಾತ್ರ ಒಳಗೆ ಬರುವೆನೆನ್ನುವ ಅತಿಥಿ ಎಂಥವನೆಂದು ನಾವು ಯೋಚಿಸಲಿಲ್ಲ. ಒತ್ತಿದೆವು. ಸಂದೇಶಗಳನ್ನು ಓದಲು ಅನುಮತಿ ಬೇಕೆಂದಿತು. ಒತ್ತಿದೆವು. ಆಮೇಲೆ, ಆಡುವವರು ಯಂತ್ರವಲ್ಲ ಮನುಷ್ಯರೆಂದು ಖಚಿತಪಡಿಸಲು 1 ರೂಪಾಯಿ ಸಂದಾಯ ಮಾಡಿರೆಂದು ಒಂದು ಪುಟ ತೆರೆಯಿತು. ಒಂದು ರೂಪಾಯಿ ತಾನೆ ಎಂದು ಚೀಲದಿಂದ ಬ್ಯಾಂಕಿನ ಕಾರ್ಡು ತೆಗೆದು, ಅದರ ಮುಂದಿನ ಅಂಕಿಗಳನ್ನೂ ಬೆನ್ನ ಮೇಲಿನ ಮೂರು ಅಂಕಿಗಳನ್ನೂ ನಾವೇ ಓದಿ ಹೇಳಿದೆವು. ಒಂದು ಅಕ್ಷರದ ಪಾಠಾಂತರಕ್ಕಾಗಿ ನಾಲ್ಕು ಕಟ್ಟು ತಾಳೆಗರಿ ತಿರುವಿಹಾಕುವ ನಾವು, ಅಂದು ಕಣ್ಣೆದುರಿನ ಮೂರು ಸಾಲುಗಳನ್ನು ಓದದೆ ಒಪ್ಪಿಗೆ ಕೊಟ್ಟೆವು.

ಆಟ ತೆರೆಯಿತು. ಕಾರುಗಳೆಲ್ಲ ಸಾಲಾಗಿ ನಿಂತಿದ್ದವು. ಬಾಲಕ ಚಪ್ಪಾಳೆ ತಟ್ಟಿದನು. ಅರ್ಧ ತಾಸಿನಲ್ಲಿ ಎಲ್ಲವನ್ನೂ ಒಂದೊಂದು ಸಲ ಓಡಿಸಿ ಫೋನು ಮರಳಿ ಕೊಟ್ಟನು. “ಸಾಕೇನೋ?” ಎಂದರೆ, “ಎಲ್ಲಾ ಐತ್ರಿ, ಇನ್ನೇನ ಮಾಡೂದು?” ಎಂದನು. ಅವನ ದನಿಯಲ್ಲಿ ಆಗಲೇ ಬೇಸರವಿತ್ತು.

ಮರುದಿನ ಮಧ್ಯಾಹ್ನ ದಾಸೋಹಕ್ಕೆ ಅಕ್ಕಿ ಬೆಲ್ಲ ತರಲು ಕಿರಾಣಿ ಅಂಗಡಿಗೆ ಹೋದಾಗ ಹಣ ಸಂದಾಯವಾಗಲಿಲ್ಲ. ಖಾತೆಯಲ್ಲಿ ಹಣವೇ ಇರಲಿಲ್ಲ. ಹಿಂದಿನ ರಾತ್ರಿಯೇ ಎರಡು ಸಲಕ್ಕೆ 18,400 ರೂಪಾಯಿ ಹೊರಟುಹೋಗಿತ್ತು. ಬ್ಯಾಂಕಿನಿಂದ ಬಂದ ಗುಪ್ತ ಸಂಖ್ಯೆಗಳನ್ನು ನಾವು ಯಾರಿಗೂ ಹೇಳಿರಲಿಲ್ಲ. ಆ ಆಟದೊಳಗೆ ಅಡಗಿದ್ದವನು ನಮ್ಮ ಸಂದೇಶಗಳನ್ನು ತಾನೇ ಓದಿಕೊಂಡಿದ್ದನು. ಆ ಹಣ ನಮ್ಮದಾಗಿರಲಿಲ್ಲ. ಊರಿನ ದಾಸೋಹ ಸಮಿತಿಯವರು ವಿಶ್ವಾಸದಿಂದ ಭಕ್ತರ ಕಾಣಿಕೆಯನ್ನು ನಮ್ಮ ಖಾತೆಯಲ್ಲಿ ಇಟ್ಟಿದ್ದರು. ಹೊಲದ ಕೂಲಿಗೆ ಹೋಗುವ ತಾಯಿಯೊಬ್ಬರು ದಿನಕ್ಕೆ ಹತ್ತು ರೂಪಾಯಿಯಂತೆ ಕೂಡಿಸಿ ಕೊಟ್ಟುದೂ ಅದರಲ್ಲಿತ್ತು.

ಸುದ್ದಿ ತಿಳಿದ ಬಾಲಕ ಗೋಡೆಗೆ ಒರಗಿ ಕುಳಿತನು. ರಾತ್ರಿ ಪ್ರಸಾದ ಮುಟ್ಟಲಿಲ್ಲ. ತಂದೆ ಪಾಳಿ ಮುಗಿಸಿ ಬಂದು ಕೈ ಎತ್ತಿದಾಗ ನಾವು ಅಡ್ಡ ನಿಂತೆವು. ಎಷ್ಟೋ ಹೊತ್ತಿನ ಮೇಲೆ ಹುಡುಗ ಆಡಿದ್ದು ಒಂದೇ ಮಾತು: “ಅಜ್ಜಾರ, ಆಟದಾಗಿನ ರೊಕ್ಕ ಮುಗೀಲಿಲ್ಲ, ನಿಮ್ಮ ರೊಕ್ಕ ಮುಗೀತು.”

1930 ಎಂಬ ಸಂಖ್ಯೆಗೆ ಕರೆ ಮಾಡಿದೆವು. ಇದು ಸೈಬರ್ ವಂಚನೆಗೆ ಸಿಕ್ಕವರಿಗಾಗಿ ಕೇಂದ್ರ ಸರ್ಕಾರ ನಡೆಸುವ ಸಹಾಯವಾಣಿ. ದೂರು ಬೇಗ ಬಂದರೆ ಹಣ ತಲುಪಿದ ಖಾತೆಯಲ್ಲಿಯೇ ಅದನ್ನು ತಡೆಹಿಡಿಯುವ ವ್ಯವಸ್ಥೆ ಅದರ ಹಿಂದೆ ಇದೆ. ನಾವು ಕರೆ ಮಾಡುವ ಹೊತ್ತಿಗೆ ಒಂದು ರಾತ್ರಿ, ಅರ್ಧ ಹಗಲು ಕಳೆದಿತ್ತು. ಹಣವು ಖಾತೆಯಿಂದ ಖಾತೆಗೆ ದಾಟಿ ಹೋಗಿತ್ತು. ಬ್ಯಾಂಕಿನವರು ಕಾರ್ಡನ್ನು ನಿಲ್ಲಿಸಿದರು. ರಿಸರ್ವ್ ಬ್ಯಾಂಕು 2017ರಲ್ಲಿ ಹೊರಡಿಸಿದ ಸೂಚನೆಯ ಪ್ರಕಾರ, ಬ್ಯಾಂಕಿನದೂ ಗ್ರಾಹಕನದೂ ತಪ್ಪಿಲ್ಲದೆ ಹಣ ಹೋಗಿ, ಮೂರು ಕೆಲಸದ ದಿನಗಳೊಳಗೆ ತಿಳಿಸಿದರೆ ಗ್ರಾಹಕನಿಗೆ ಹೊಣೆಯಿಲ್ಲ. ಗ್ರಾಹಕನ ಅಲಕ್ಷ್ಯದಿಂದ ಹೋದರೆ, ತಿಳಿಸುವವರೆಗಿನ ನಷ್ಟ ಗ್ರಾಹಕನದೇ. ಕಾರ್ಡಿನ ಅಂಕಿಗಳನ್ನು ನಾವೇ ಓದಿ ಹೇಳಿದ್ದೆವು. ಆದುದರಿಂದ ನಷ್ಟ ನಮ್ಮದೇ ಆಯಿತು. ಅದು ಸರಿಯೂ ಹೌದು. ನಿವೃತ್ತಿ ವೇತನದಿಂದ ಆ ಮೊತ್ತವನ್ನು ಸಮಿತಿಗೆ ತುಂಬಿಕೊಟ್ಟೆವು. ಅಂದಿನ ಪ್ರವಚನದ ಆರಂಭದಲ್ಲಿ ಸಭೆಯ ಮುಂದೆ ನಡೆದುದನ್ನೆಲ್ಲ ಹೇಳಿದೆವು. ಬಾಲಕನ ಹೆಸರನ್ನು ಎತ್ತಲಿಲ್ಲ. ಒತ್ತಿದ ಬೆರಳು ನಮ್ಮದು.

ಆ ರಾತ್ರಿ ನಿದ್ರೆ ಬಾರದೆ ಮೋಳಿಗೆಯ ಮಾರಯ್ಯನವರ ಚರಿತ್ರೆ ನೆನಪಾಯಿತು. ಕಟ್ಟಿಗೆ ಮಾರುವ ಕಾಯಕದ ಆ ಶರಣರ ಬಡತನವನ್ನು ಕಂಡು ಮರುಗಿದ ಬಸವಣ್ಣನವರು ಅವರ ಮನೆಯಲ್ಲಿ ಗುಟ್ಟಾಗಿ ಹೊನ್ನನ್ನು ಇಟ್ಟು ಬಂದರೆಂದು ಕಥೆ ಇದೆ. ಕೊಟ್ಟವರು ಬಸವಣ್ಣನವರು, ಕೊಟ್ಟುದು ಪ್ರೀತಿಯಿಂದ. ಆದರೂ ಮಾರಯ್ಯನವರು ಅದನ್ನು ಇಟ್ಟುಕೊಳ್ಳದೆ ಜಂಗಮರಿಗೆ ಕೊಟ್ಟುಬಿಟ್ಟರು. ತಾವು ದುಡಿಯದ ಹೊನ್ನು ಮನೆಯಲ್ಲಿ ಉಳಿದರೆ ತಮ್ಮ ಕಾಯಕ ಕೆಡುವುದೆಂದು ಅವರು ಬಲ್ಲರು. ಆಯ್ದಕ್ಕಿ ಮಾರಯ್ಯನವರು ಒಂದು ದಿನ ಅವಶ್ಯಕ್ಕಿಂತ ಹೆಚ್ಚು ಅಕ್ಕಿ ತಂದಾಗ ಪತ್ನಿ ಲಕ್ಕಮ್ಮನವರು ಅದನ್ನು ಹೊಸ್ತಿಲಲ್ಲಿಯೇ ತಡೆದು, ಹೆಚ್ಚಿನದನ್ನು ಮರಳಿ ಚೆಲ್ಲಿ ಬರಲು ಹೇಳಿದ ಪ್ರಸಂಗವನ್ನು ನಮ್ಮ ಮನೆಗಳಲ್ಲಿ ಅರಿಯದವರಿಲ್ಲ. ಇದನ್ನು ನಾವು ಎಷ್ಟು ಸಲ ವೇದಿಕೆಯಿಂದ ಹೇಳಿಲ್ಲ! ಆದರೆ ನಮ್ಮ ಕೈಯ ಫೋನಿನ ಹೊಸ್ತಿಲಲ್ಲಿ ‘ಅನುಮತಿ ಕೊಡಲೆ?’ ಎಂಬ ಪ್ರಶ್ನೆ ಬಂದು ನಿಂತಾಗ ಲಕ್ಕಮ್ಮನವರ ನೆನಪಾಗಲಿಲ್ಲ.

ಹುಡುಗನ ಎರಡು ‘ಮಾಡ್’ಗಳಿಗೆ ಇರುವ ಭೇದ ಇದೇ. ಮೊದಲನೆಯದನ್ನು ಅವನು ಮಾಡಿ ಪಡೆದನು. ಅದಕ್ಕಾಗಿ ನೋಡಿದನು, ಅಳೆದನು, ತಪ್ಪಿದನು, ತಿದ್ದಿಕೊಂಡನು. ಅದು ಅವನಿಗೆ ತಿಂಗಳುಗಟ್ಟಲೆ ಬೇಸರ ತರಲಿಲ್ಲ. ಎರಡನೆಯದನ್ನು ಮಾಡದೆ ಪಡೆದನು. ಅದು ಅರ್ಧ ತಾಸಿನಲ್ಲಿ ಮುಗಿಯಿತು. ವಂಚಕನು ಅದರೊಳಗೆ ಇಲ್ಲದಿದ್ದರೂ ಅದು ಅರ್ಧ ತಾಸಿನಲ್ಲಿಯೇ ಮುಗಿಯುತ್ತಿತ್ತು. ಗೆಲ್ಲಲು ಏನೂ ಉಳಿಯದ ಆಟ ಆಟವಲ್ಲ. ಮೇಲಾಗಿ ಅದು ಪರರ ಕಾಯಕದ ಫಲವನ್ನು ಅಪಹರಿಸುವ ಕೆಲಸ. ಹಣ ಪಡೆದು ಕೊಡಬೇಕೆಂದು ರಚಿಸಿದುದರ ಬೀಗ ಮುರಿದು ಪುಕ್ಕಟೆ ಹಂಚುವುದು ನಮ್ಮ ದೇಶದ 1957ರ ಹಕ್ಕುಸ್ವಾಮ್ಯ ಅಧಿನಿಯಮಕ್ಕೂ ವಿರುದ್ಧ. ಇಂತಹ ತಾಂತ್ರಿಕ ಬೀಗಗಳನ್ನು ಮುರಿಯುವುದರ ವಿಷಯವಾಗಿ 2012ರಲ್ಲಿ ಆ ಅಧಿನಿಯಮಕ್ಕೆ ಪ್ರತ್ಯೇಕ ಕಲಮನ್ನೇ ಸೇರಿಸಲಾಗಿದೆ. ಆಟ ಮಾಡಿದವರು ಲೋಭಿಗಳೆಂದು ತೋರಿದರೆ ಆ ಆಟವನ್ನು ಬಿಡಬಹುದು. ಕದಿಯಲು ಅದು ಕಾರಣವಾಗದು.

ಇನ್ನೊಂದು ಎಚ್ಚರಿಕೆಯನ್ನು ಬಾಲಕನ ತಂದೆ ಹೇಳಿದರು. ಇಪ್ಪತ್ತು ವರ್ಷ ಬಸ್ಸು ನಡೆಸಿದವರ ಮಾತು. “ಆಟದಾಗ ಗಾಡಿ ಬಡದ್ರ ಮತ್ತ ಹೊಸಾ ಗಾಡಿ ಬರತೈತ್ರಿ. ರಸ್ತೆ ಮ್ಯಾಲೆ ಹಂಗಿಲ್ಲ.” 2022ರ ಅಕ್ಟೋಬರ್ 5ರ ರಾತ್ರಿ ಕೇರಳದ ಪಾಲಕ್ಕಾಡ್ ಜಿಲ್ಲೆಯ ವಡಕ್ಕಂಚೇರಿಯ ಬಳಿ, ಶಾಲೆಯ ಮಕ್ಕಳನ್ನು ಊಟಿಯ ಪ್ರವಾಸಕ್ಕೆ ಕರೆದೊಯ್ಯುತ್ತಿದ್ದ ಪ್ರವಾಸಿ ಬಸ್ಸು ಮುಂದಿನ ಸಾರಿಗೆ ಬಸ್ಸಿಗೆ ಹಿಂದಿನಿಂದ ಅಪ್ಪಳಿಸಿ 9 ಜನ ಮೃತರಾದರು. ಅವರಲ್ಲಿ ಐವರು ವಿದ್ಯಾರ್ಥಿಗಳು, ಒಬ್ಬರು ಶಿಕ್ಷಕರು. ಬಸ್ಸಿನ ವೇಗನಿಯಂತ್ರಕವನ್ನು ತಿದ್ದಲಾಗಿತ್ತೆಂದು ತನಿಖೆಯಲ್ಲಿ ಕಂಡುಬಂದಿತು. ಆ ಬಳಿಕ ಕೇರಳದಲ್ಲಿ ಪ್ರವಾಸಿ ಬಸ್ಸುಗಳಿಗೆ ಬಿಳಿಯ ಬಣ್ಣವೊಂದೇ ಇರಬೇಕೆಂಬ ನಿಯಮವನ್ನು ಬಿಗಿಯಾಗಿ ಜಾರಿಗೆ ತಂದರು. ಆಟದಿಂದ ಆ ಅಪಘಾತವಾಯಿತೆಂದು ನಾವು ಹೇಳುತ್ತಿಲ್ಲ; ಅದಕ್ಕೂ ಇದಕ್ಕೂ ಸಂಬಂಧವಿಲ್ಲ. ಆದರೆ ಮಿತಿಯನ್ನು ಮುರಿದರೆ ಜಾಣತನವೆಂಬ ಭಾವನೆ ಅಂಗೈಯಲ್ಲಿ ಹುಟ್ಟಿ ಅಲ್ಲಿಯೇ ಉಳಿಯುತ್ತದೆಂದು ನಂಬುವುದು ಹೇಗೆ? ಫೋನಿನಲ್ಲಿ ಚೆನ್ನಾಗಿ ಓಡಿಸುತ್ತಾನೆಂದು ಹದಿನಾಲ್ಕರ ಹುಡುಗನ ಕೈಗೆ ಬೈಕಿನ ಕೀಲಿ ಕೊಡುವ ತಂದೆಯರನ್ನು ನಾವು ಕಂಡಿದ್ದೇವೆ. ಮೋಟಾರು ವಾಹನಗಳ ಅಧಿನಿಯಮಕ್ಕೆ 2019ರಲ್ಲಿ ಸೇರಿಸಿದ 199ಎ ಕಲಮಿನ ಪ್ರಕಾರ, ಅಪ್ರಾಪ್ತನು ವಾಹನ ನಡೆಸಿ ಅಪರಾಧವೆಸಗಿದರೆ ಪಾಲಕರಿಗೆ ಅಥವಾ ವಾಹನದ ಮಾಲೀಕರಿಗೆ 3 ವರ್ಷದವರೆಗೆ ಸೆರೆವಾಸ, 25,000 ರೂಪಾಯಿ ದಂಡ. ವಾಹನದ ನೋಂದಣಿ 12 ತಿಂಗಳು ರದ್ದು. ಆ ಹುಡುಗನಿಗೆ 25 ವರ್ಷ ತುಂಬುವವರೆಗೆ ಲೈಸೆನ್ಸು ಇಲ್ಲ.

ಹಾಗಾದರೆ ಪಾಲಕರು ಮಾಡಬೇಕಾದುದೇನು? ಫೋನು ಕಸಿದುಕೊಳ್ಳುವುದು ಸುಲಭ. ಅದರಿಂದ ಹುಡುಗ ಗೆಳೆಯನ ಫೋನಿಗೆ ಹೋಗುತ್ತಾನೆ. ನಮ್ಮ ಅನುಭವಕ್ಕೆ ಬಂದ ಕೆಲವು ಮಾತುಗಳನ್ನು ಹೇಳುತ್ತೇವೆ.

ಬ್ಯಾಂಕಿನ ಖಾತೆಗೆ ಜೋಡಿಸಿದ ಫೋನು ಆಟಿಕೆಯಾಗಬಾರದು. ಸಿಮ್ ಇಲ್ಲದ ಹಳೆಯ ಫೋನಿದ್ದರೆ ಮಕ್ಕಳಿಗೆ ಅದನ್ನು ಕೊಡಿರಿ, ಅದರಲ್ಲಿ ನಿಮ್ಮ ಖಾತೆಯ ಗುರುತು ಯಾವುದೂ ಇರದಿರಲಿ. ಆಟವು ಫೋನಿನ ಅಧಿಕೃತ ಅಂಗಡಿಯಿಂದಲೇ ಬರಲಿ; ಸಂದೇಶದಲ್ಲಿ ಬಂದ ಕಡತದಿಂದ ಬಾರದಿರಲಿ. ಅಪರಿಚಿತ ಮೂಲದ ಆ್ಯಪ್‌ಗಳನ್ನು ಸ್ಥಾಪಿಸುವ ಅನುಮತಿ ಫೋನಿನ ಸೆಟ್ಟಿಂಗ್ಸ್‌ನಲ್ಲಿ ಮುಚ್ಚಿಯೇ ಇರಲಿ. ಕಾರು ಓಡಿಸುವ ಆಟಕ್ಕೆ ನಿಮ್ಮ ಸಂದೇಶಗಳನ್ನು ಓದುವ ಅವಶ್ಯಕತೆ ಎಂದಿಗೂ ಇಲ್ಲ, ಬಂಧುಬಳಗದ ಫೋನು ಸಂಖ್ಯೆಗಳೂ ಬೇಕಾಗಿಲ್ಲ. ಕಣ್ಣು ಕಾಣದವರಿಗೆ, ಕೈ ಆಡದವರಿಗೆ ನೆರವಾಗಲೆಂದು ಇರುವ ‘ಆ್ಯಕ್ಸೆಸಿಬಿಲಿಟಿ’ ಎಂಬ ಸೌಲಭ್ಯವನ್ನು ಅದು ಕೇಳಿದರೆ, ನಿಮ್ಮ ಪರದೆಯನ್ನು ಓದಿ ನಿಮ್ಮ ಬದಲು ತಾನೇ ಒತ್ತುವ ಅಧಿಕಾರವನ್ನು ಕೇಳುತ್ತಿದೆ ಎಂದರ್ಥ. ಇಂತಹ ಅನುಮತಿ ಬೇಡುವ ಹೊರಗಿನ ಕಡತಗಳನ್ನು ತಾನಾಗಿಯೇ ತಡೆಯುವ ವ್ಯವಸ್ಥೆಯನ್ನು ಗೂಗಲ್ ಸಂಸ್ಥೆಯು 2024ರಲ್ಲಿ ಮೊದಲು ಸಿಂಗಪುರದಲ್ಲಿಯೂ ಬಳಿಕ ನಮ್ಮ ದೇಶದಲ್ಲಿಯೂ ಪ್ರಾಯೋಗಿಕವಾಗಿ ಆರಂಭಿಸಿತು. ಆದರೆ ಕಾವಲನ್ನು ನಮ್ಮ ಕೈಯಿಂದಲೇ ನಿಲ್ಲಿಸಿದರೆ ಯಾವ ವ್ಯವಸ್ಥೆ ಏನು ಮಾಡೀತು? ಒಂದು ವೇಳೆ ಹಣ ಹೋದರೆ, ನಾಚಿಕೆಯಿಂದ ಒಂದು ಗಳಿಗೆಯನ್ನೂ ಕಳೆಯದೆ ಇಂಟರ್‌ನೆಟ್ ನಿಲ್ಲಿಸಿ, ಬೇರೆ ಫೋನಿನಿಂದ 1930ಕ್ಕೂ ಬ್ಯಾಂಕಿಗೂ ಕರೆ ಮಾಡಿರಿ. ಗುಪ್ತ ಸಂಖ್ಯೆಗಳನ್ನೂ ಬೇರೆ ಫೋನಿನಿಂದಲೇ ಬದಲಿಸಿರಿ. ಹೋದ ಹಣಕ್ಕಿಂತ ಕಳೆದ ಹೊತ್ತು ದುಬಾರಿ.

ಇವೆಲ್ಲಕ್ಕಿಂತ ಮೊದಲಿನ ಮಾತೊಂದಿದೆ. ವಾರಕ್ಕೊಮ್ಮೆಯಾದರೂ ಅರ್ಧ ತಾಸು ಮಗುವಿನ ಪಕ್ಕದಲ್ಲಿ ಕುಳಿತು ‘ಇದನ್ನು ಯಾರು ಮಾಡಿದರು?’ ಎಂದು ಕೇಳಿರಿ. ‘ನಾನೇ ಮಾಡಿದೆ’ ಎಂದರೆ ಹೇಗೆಂದು ಕೇಳಿರಿ, ಬೆನ್ನು ತಟ್ಟಿರಿ, ಅಕ್ಷರ ತಪ್ಪಿದ್ದರೆ ತಿದ್ದಿರಿ. ‘ಯಾರೋ ಕೊಟ್ಟರು’ ಎಂದರೆ ಆ ಯಾರೋ ಯಾರೆಂದು ಮಗುವಿನೊಡನೆ ಕೂಡಿಯೇ ವಿಚಾರಿಸಿರಿ. ನಾವು ಮೊದಲ ಸಲ ಕುಳಿತು ಕೇಳಿದೆವು, ಒಳ್ಳೆಯದಾಯಿತು. ಎರಡನೆಯ ಸಲ ಕೇಳದೆ ಫೋನು ಕೊಟ್ಟೆವು. ಮಗುವಿನ ಸಂತೋಷವನ್ನು ನಾವೂ ಶ್ರಮವಿಲ್ಲದೆ ಪಡೆಯಬಯಸಿದೆವು. ಹುಡುಗನ ತಪ್ಪಿಗೂ ನಮ್ಮ ತಪ್ಪಿಗೂ ಬೇರು ಒಂದೇ.

ಪ್ರವಚನ ಮಂಗಲಗೊಂಡು ನಾವು ಊರಿಗೆ ಹೊರಡುವ ದಿನ ಬಾಲಕನು ಬಸ್ ನಿಲ್ದಾಣದವರೆಗೂ ನಮ್ಮ ಚೀಲ ಹೊತ್ತು ಬಂದನು. ಅಷ್ಟು ದಿನ ಫೋನಿನ ಮಾತೇ ಎತ್ತಿರಲಿಲ್ಲ. ಅಂದು ತಾಯಿಯ ಫೋನು ತೆಗೆದು ಸಂಕೋಚದಿಂದ ತೋರಿಸಿದನು. ಹಳೆಯ ಆಟವೇ. ಪ್ರಯಾಣಿಕರನ್ನು ಹತ್ತಿಸಿ ಇಳಿಸಿ ಹಣ ಕೂಡಿಸಿ ಎರಡನೆಯ ಬಸ್ಸು ಕೊಂಡಿದ್ದನು. ಅದಕ್ಕೆ ‘ದಾಸೋಹ’ ಎಂದು ಹೆಸರು ಬರೆದಿದ್ದನು. ಅಕ್ಷರ ತಪ್ಪಿರಲಿಲ್ಲ.

“ಇದಕ್ಕ ಎಷ್ಟ ದಿನಾ ಹಿಡೀತೋ?” ಎಂದು ಅವನ ಮಾತಿನಲ್ಲಿಯೇ ಕೇಳಿದೆವು.

“ಹನ್ನೊಂದ ದಿನಾ ಹಿಡೀತ್ರಿ” ಎಂದನು. ಆ ಮಾತಿನಲ್ಲಿ ಬೇಸರವಿರಲಿಲ್ಲ.